‘ಲೈಟ್ ವೇಟ್’ ರಾನಿ ಕೋಲ್ಮನ್ ಹೊತ್ತ ಭಾರ

‘ಲೈಟ್ ವೇಟ್, ಬೇಬಿ!’ ಅಂತ ಕಿರುಚೋ ರೀಲ್ಸ್ ನೋಡಿದ್ದೀರಲ್ಲ? ಆ ದನಿ ಅಮೆರಿಕದ ರಾನಿ ಕೋಲ್ಮನ್ ಅವರದ್ದು. 1998ರಿಂದ 2005ರವರೆಗೆ ಸತತ 8 ಸಲ ಮಿಸ್ಟರ್ ಒಲಿಂಪಿಯಾ ಗೆದ್ದವರು. ಈ ಎಂಟರ ಲೆಕ್ಕದಲ್ಲಿ ಅವರಿಗೆ ಸಮ ಅಂದ್ರೆ ಲೀ ಹೇನಿ ಒಬ್ಬರೇ.

ಓದಿದ್ದು ಅಕೌಂಟಿಂಗ್. ಸರಿಯಾದ ಕೆಲಸ ಸಿಗದೆ ಡಾಮಿನೋಸ್‌ನಲ್ಲಿ ದುಡಿದು, ಆಮೇಲೆ ಟೆಕ್ಸಸ್‌ನ ಆರ್ಲಿಂಗ್ಟನ್‌ನಲ್ಲಿ ಪೊಲೀಸ್ ಆದರು. ಅಲ್ಲಿ ಮೆಟ್ರೋಫ್ಲೆಕ್ಸ್ ಅನ್ನೋ ಜಿಮ್. ಎಸಿ ಕೂಡ ಇಲ್ಲ. ಸ್ಪರ್ಧೆಗೆ ಇಳಿಯೋದಾದ್ರೆ ಫೀಸೇ ಬೇಡ ಅಂದುಬಿಟ್ಟರು ಮಾಲೀಕ ಬ್ರಯಾನ್ ಡಾಬ್ಸನ್. ಮೊದಲ ಒಲಿಂಪಿಯಾ ಗೆದ್ದಾಗಲೂ ಕೋಲ್ಮನ್ ಪೊಲೀಸ್ ಕೆಲಸದಲ್ಲೇ ಇದ್ದರು!

ಇನ್ನು ಆ ಫೇಮಸ್ ವಿಡಿಯೊ. ಹೆಗಲ ಮೇಲೆ 800 ಪೌಂಡ್, ಅಂದ್ರೆ ಸುಮಾರು 363 ಕೆಜಿ. ಸ್ಕ್ವಾಟ್, ಎರಡು ರೆಪ್. ಅದಕ್ಕೂ ಮೊದಲೇ ಬೆನ್ನಿನ ಡಿಸ್ಕ್ ಜಾರಿತ್ತು, ಆದ್ರೂ ಭಾರ ಇಳಿಸಲಿಲ್ಲ. ಮುಂದೆ ಬೆನ್ನಿಗೆ, ಸೊಂಟಕ್ಕೆ ಹತ್ತಕ್ಕೂ ಹೆಚ್ಚು ಆಪರೇಷನ್. ಊರುಗೋಲು ಹಿಡಿದೇ ನಡೆಯಬೇಕಾಯ್ತು.

ಪಶ್ಚಾತ್ತಾಪ ಇದೆಯಾ ಅಂತ ಕೇಳಿದ್ರೆ ಅವರು ಹೇಳೋದು ಒಂದೇ: ಅವತ್ತು ಎರಡಕ್ಕೇ ನಿಲ್ಲಿಸಿದೆ, ನಾಲ್ಕು ಹೊಡೀಬಹುದಿತ್ತು ಅಂತ. ಮೊದಲ ಸಲ ಇದನ್ನ ಕೇಳಿದಾಗ ನನಗೆ ಮೈ ಜುಂ ಅಂದಿತ್ತು. ಈಗ, ನಿಜ ಹೇಳ್ಬೇಕಂದ್ರೆ, ಭಯ ಆಗುತ್ತೆ. ಅಷ್ಟು ಆಪರೇಷನ್‌ಗಳ ನಡುವೆಯೂ ಅವರು ಜಿಮ್ ಬಿಡಲಿಲ್ಲ.