ಆಡುಗಳ ಚರ್ಮರೋಗಗಳು: ಗುರುತು ಮತ್ತು ಚಿಕಿತ್ಸೆ
(ಜನವಾಡದ ಪಾಟೀಲರಿಗೂ ಹಿಡುವಳಿದಾರರಿಗೂ ಮಾಡಿದ ಉಪನ್ಯಾಸ)



ಬೀದರ, ಭಾಲ್ಕಿ, ಔರಾದ ಸೀಮೆಯಲ್ಲಿ ಮಳೆ ತಪ್ಪಿದ ವರುಷ ಅನೇಕರ ಸಂಸಾರವನ್ನು ನಡೆಸುವುದು ಆಡು. ಅದರ ಚರ್ಮ ಕೆಟ್ಟರೆ ಹಾಲೂ ತೂಕವೂ ಬೆಲೆಯೂ ಕುಗ್ಗುವುವು.

ಆಡು ಕಂಬಕ್ಕೆ ಮೈ ತಿಕ್ಕತೊಡಗಿದಂದೇ ಕೂದಲನ್ನು ಬಿಡಿಸಿ ನೋಡತಕ್ಕದ್ದು. ಹರಿದಾಡುವ ಹುಳು ಕಂಡರೆ ಹೇನು. ಮುಖ, ಕಿವಿಗಳಲ್ಲಿ ಕೂದಲುದುರಿ, ಚರ್ಮ ದಪ್ಪವಾಗಿ ಹಕ್ಕಳೆಗಟ್ಟಿದರೆ ಕಜ್ಜಿ. ಇದು ಅತಿಸೂಕ್ಷ್ಮವಾದ ನುಸಿಯಿಂದ ಹುಟ್ಟಿ, ಕಾಯುವವರಿಗೂ ತಗಲಬಹುದು. ದುಂಡುದುಂಡಾಗಿ ಕೂದಲುದುರಿದರೆ ಗಜಕರ್ಣವೆಂದು ಶಂಕಿಸಬೇಕು. ಜ್ವರದೊಡನೆ ಗುಳ್ಳೆಗಳೆದ್ದರೆ ಸಿಡುಬಿರಬಹುದು; ಒಡನೆಯೇ ಪಶುವೈದ್ಯರಿಗೆ ತಿಳಿಸತಕ್ಕದ್ದು.

ಕಜ್ಜಿಯ ಆಡನ್ನು ಬೇರೆ ಕಟ್ಟಿ, ವೈದ್ಯರಿಂದ ಐವರ್ಮೆಕ್ಟಿನ್ ಸೂಜಿಮದ್ದು ಹಾಕಿಸಬೇಕು. ಈ ಮದ್ದು ನುಸಿಯನ್ನು ಕೊಲ್ಲುವುದೇ ಹೊರತು ಮೊಟ್ಟೆಯನ್ನಲ್ಲ. ಆದುದರಿಂದ ಸುಮಾರು 14 ದಿವಸಗಳ ತರುವಾಯ ಎರಡನೆಯ ಸಲವೂ ಅವಶ್ಯ. ಮೊದಲ ಸಲಕ್ಕೇ ಗುಣವಾಯಿತೆಂದು ಬಿಟ್ಟವರ ಮಂದೆಗೆ ರೋಗ ಮರಳುವುದು. ವೈದ್ಯರು ಹೇಳಿದಷ್ಟು ದಿವಸ ಹಾಲನ್ನೂ ಮಾಂಸವನ್ನೂ ಬಳಸಕೂಡದು. ಯಂತ್ರದ ಹಳೆಯ ಎಣ್ಣೆಯನ್ನು ಮೈಗೆ ಬಳಿಯುವುದು ವಿಷಕರ.

ಹಟ್ಟಿಯ ಕಸವನ್ನು ಸುಟ್ಟು, ಗೋಡೆಗೆ ಸುಣ್ಣ ಬಳಿಯಬೇಕು. ಸಂತೆಯಿಂದ ತಂದ ಆಡನ್ನು ಮೂರು ವಾರ ಪ್ರತ್ಯೇಕವಾಗಿಡಬೇಕು. ಊರ ಆಡುಗಳೆಲ್ಲ ಒಂದೇ ಬಯಲಿನಲ್ಲಿ ಮೇಯುವುದರಿಂದ ಒಬ್ಬನ ಹಟ್ಟಿಯಲ್ಲಿ ಉಳಿದ ಕಜ್ಜಿ ಎಲ್ಲರ ಹಟ್ಟಿಗೂ ಬರುವುದು. ಆದಕಾರಣ ಎಲ್ಲ ಮಂದೆಗಳಿಗೂ ಏಕಕಾಲದಲ್ಲಿ ಚಿಕಿತ್ಸೆಯಾಗುವಂತೆ ನೋಡಿಕೊಳ್ಳುವುದು ಗ್ರಾಮದ ಹಿರಿಯರ ಕರ್ತವ್ಯವಾಗಿದೆ.