ಇಬ್ಬರು ಎಳೆದ ದೋಣಿ
(ಸಂಘದ ಸಂಜೆಯ ಕೂಟದಲ್ಲಿ ಮಾಡಿದ ಭಾಷಣ)



ಗಿರಣಿಯಲ್ಲಿ ಯಾರದಾದರೂ ಕೈಯೋ ಕಾಲೋ ಹೋದರೆ ನಾವು ಆಸ್ಪತ್ರೆಗೆ ಓಡುತ್ತೇವೆ, ಚಂದಾ ಎತ್ತುತ್ತೇವೆ. ಮನೆಗೆ ಮರಳುವಾಗ 'ಪಾಪ, ಅವನ ದುಡಿಮೆ ಮುಗಿಯಿತು' ಎನ್ನುತ್ತೇವೆ. ಈ ಮಾತನ್ನು ನಾವೆಲ್ಲರೂ ಆಡಿದವರೇ. ಅದು ಸರಿಯೇ ಎಂದು ಯೋಚಿಸಲು ಈ ಸಂಜೆ ಒಬ್ಬರ ಸಂಗತಿಯನ್ನು ನಿಮ್ಮ ಮುಂದಿಡುತ್ತೇವೆ.

ಅವರು ಕೊಂಗನಪಲ್ಲೆ ನಾರಾಯಣ. ದೂರದವರಲ್ಲ, ನಮ್ಮ ಕರ್ನೂಲು ಸೀಮೆಯವರೇ. ಸೈನ್ಯದಲ್ಲಿದ್ದರು. 2015ರಲ್ಲಿ ಜಮ್ಮು ಕಾಶ್ಮೀರದಲ್ಲಿ ನೆಲಬಾಂಬು ಸಿಡಿದು ಒಂದು ಕಾಲು ಕಳೆದುಕೊಂಡರು. ಆಮೇಲೆ ಅವರು ಹಿಡಿದದ್ದು ದೋಣಿಯ ಹುಟ್ಟನ್ನು.

ಹುಟ್ಟು ಹಾಕಲು ಕಾಲೇಕೆ ಎಂದು ನೀವು ಕೇಳಬಹುದು. ತುಂಗಭದ್ರೆಯ ಹರಿಗೋಲಿನಲ್ಲಿ ತೋಳಿನದೇ ಕೆಲಸ. ಪಂದ್ಯದ ದೋಣಿ ಹಾಗಲ್ಲ. ಅದರ ಆಸನ ಹಳಿಯ ಮೇಲೆ ಹಿಂದೆ ಮುಂದೆ ಜಾರುತ್ತದೆ. ಪಾದಗಳನ್ನು ಹಲಗೆಗೆ ಒತ್ತಿ ಮೈಯನ್ನು ನೂಕಬೇಕು. ಹೆಚ್ಚಿನ ಬಲ ಬರುವುದು ಕಾಲಿನಿಂದಲೇ. ಕಾಲು ಹೋದವರು ಕಾಲೇ ಬೇಕಾದ ಕೆಲಸಕ್ಕೆ ಇಳಿದರು, ನೋಡಿ!

ಅಂಗವಿಕಲರ ದೋಣಿ ಪಂದ್ಯದಲ್ಲಿ ಮೂರು ವರ್ಗಗಳಿವೆ. ತೋಳು, ಭುಜಗಳಿಂದ ಮಾತ್ರ ಎಳೆಯಬಲ್ಲವರು ಒಂದು. ಸೊಂಟದ ಮೇಲಿನ ಮೈಯನ್ನೂ ಬಳಸಬಲ್ಲವರು ಇನ್ನೊಂದು. ಇವರಿಗೆ ಕದಲದ ಆಸನ. ಕಾಲಿನಿಂದಲೂ ನೂಕಬಲ್ಲವರಿಗೆ ಜಾರುವ ಆಸನ. ನಾರಾಯಣರದು ಈ ವರ್ಗ. ಉಳಿದಿರುವ ಶಕ್ತಿಯನ್ನು ಅಳೆದು ತಕ್ಕ ಆಸನ ಕೊಡುತ್ತಾರೆ. ದೂರದಲ್ಲಿ ರಿಯಾಯಿತಿ ಇಲ್ಲ. 2017ರಿಂದ ಇವರಿಗೂ ಪೂರ್ತಿ 2,000 ಮೀಟರ್.

ನಾರಾಯಣರ ಜೊತೆಗಾತಿ ಅನಿತಾ. ಗಂಡಸು ಹೆಂಗಸು ಜೋಡಿಯ ಸ್ಪರ್ಧೆಯದು. ಒಬ್ಬೊಬ್ಬರಿಗೆ ಎರಡೆರಡು ಹುಟ್ಟು. ಇಬ್ಬರೂ ಗುರಿಗೆ ಬೆನ್ನು ಮಾಡಿ ಕುಳಿತು ಎಳೆಯಬೇಕು. ಒಬ್ಬರು ಅವಸರ ಮಾಡಿದರೆ ದೋಣಿಯ ಓಟವೇ ಕೆಡುತ್ತದೆ. 2023ರ ಅಕ್ಟೋಬರಿನಲ್ಲಿ ಚೀನಾದ ಹಾಂಗ್‌ಝೌನಲ್ಲಿ ನಡೆದ ಏಷ್ಯನ್ ಪ್ಯಾರಾ ಕ್ರೀಡಾಕೂಟದಲ್ಲಿ ಈ ಇಬ್ಬರಿಗೆ ಬೆಳ್ಳಿ ಪದಕ ಬಂತು. ಈ ಜೋಡಿ ಸ್ಪರ್ಧೆ ಪ್ಯಾರಾಲಿಂಪಿಕ್ಸ್‌ಗೆ ಮೊದಲು ಸೇರಿದ್ದು 2024ರಲ್ಲಿ, ಪ್ಯಾರಿಸಿನಲ್ಲಿ. ಅಲ್ಲಿ ಇವರಿಗೆ 8ನೆಯ ಸ್ಥಾನ. ಪದಕ ಬರಲಿಲ್ಲ, ಆದರೆ ಇವರ ದುಡಿಮೆ ಮುಗಿದಿತ್ತೆಂದು ಯಾರು ಹೇಳಬಲ್ಲರು?

ಈಗ ನಮ್ಮ ಮಾತಿಗೆ ಬರೋಣ. ಸೇವೆಯಲ್ಲಿದ್ದಾಗ ಅಂಗವಿಕಲನಾದ ನೌಕರನನ್ನು ಸರ್ಕಾರಿ ಕಚೇರಿ ತೆಗೆದುಹಾಕಬಾರದು, ಕೆಳದರ್ಜೆಗೆ ಇಳಿಸಬಾರದು. ಹಳೆಯ ಕೆಲಸ ಆಗದಿದ್ದರೆ ಅದೇ ಸಂಬಳದ ಶ್ರೇಣಿಯಲ್ಲಿ ಬೇರೆ ಕೆಲಸ ಕೊಡಬೇಕೆಂದು 2016ರ ಕಾಯಿದೆ ಹೇಳುತ್ತದೆ. ಖಾಸಗಿ ಗಿರಣಿಯ ಕೂಲಿಗಾರನಿಗೆ ಆ ಕಲಮಿನ ಆಸರೆ ಇಲ್ಲ. ಅಲ್ಲಿ ಅವನ ಪರವಾಗಿ ಕೇಳಬೇಕಾದವರು ನಾವೇ. ಮುಂದಿನ ಸಲ ಚಂದಾ ಎತ್ತಿ ಅಲ್ಲಿಗೇ ನಿಲ್ಲಿಸುವುದು ಬೇಡ. ಮೊದಲು ಅವನ ಮನೆಗೆ ಹೋಗಿ, 'ಅಣ್ಣಾ, ನಿನಗೆ ಯಾವ ಕೆಲಸ ಆಗುತ್ತದೆ?' ಎಂದು ಕೇಳೋಣ. ಆಮೇಲೆ ಮಾಲೀಕರ ಬಾಗಿಲಿಗೆ ಅವನ ಜೊತೆಯಲ್ಲೇ ಹೋಗೋಣ.