ಓದಿದ್ದೊಂದು, ಮಾಡಿದ್ದು ಹಲವು



ವಿಜ್ಞಾನದ ಪದವಿ ಪಡೆದು ದೂರದರ್ಶನದ ಕೆಲಸಕ್ಕೆ ಬಂದ ನನ್ನಂಥವರನ್ನು ಜನ ತಪ್ಪದೆ ಕೇಳುವುದುಂಟು: “ಓದಿದ್ದು ಅದು, ಮಾಡುತ್ತಿರುವುದು ಇದು. ಓದಿದ್ದೆಲ್ಲ ದಂಡವಾಗಲಿಲ್ಲವೇ?” ಆಗೆಲ್ಲ ನನಗೆ ಯುಗೋಸ್ಲಾವಿಯದ ನಿರ್ದೇಶಕ, ಚಿತ್ರಕಥೆಗಾರ ವಾತ್ರೊಸ್ಲಾವ್ ಮಿಮಿತ್ಸ ನೆನಪಾಗುತ್ತಾರೆ.

ಮಿಮಿತ್ಸ ಹುಟ್ಟಿದ್ದು 1923ರಲ್ಲಿ, ಇಂದಿನ ಕ್ರೊಯೇಶಿಯದ ಕಡಲತೀರದ ಊರಾದ ಓಮಿಶ್‌ನಲ್ಲಿ. ಝಾಗ್ರೆಬ್ ನಗರದಲ್ಲಿ ವೈದ್ಯಕೀಯ ಓದುತ್ತಿದ್ದ ತರುಣ, 1943ರಲ್ಲಿ ಫ್ಯಾಸಿಸ್ಟರ ವಿರುದ್ಧ ಹೋರಾಡುತ್ತಿದ್ದ ಪಾರ್ಟಿಸಾನ್ ಪಡೆ ಸೇರಿದರು. ಯುದ್ಧ ಮುಗಿದ ಮೇಲೆ ಅವರು ವೈದ್ಯರಾಗಲಿಲ್ಲ. ಸಾಹಿತ್ಯದ ಕಡೆಗೆ ಹೊರಳಿ, ಅಲ್ಲಿಂದ ಯಾದ್ರಾನ್ ಫಿಲ್ಮ್ ಸ್ಟುಡಿಯೋದ ಆಡಳಿತಕ್ಕೆ ಬಂದರು. 1952ರಲ್ಲಿ ಮೊದಲ ಕಥಾಚಿತ್ರ, 1955ರಲ್ಲಿ ಒಂದು ಹಾಸ್ಯಚಿತ್ರ. ಆಮೇಲೆ ಎಲ್ಲರೂ ಬೆರಗಾಗುವಂತೆ ಕಾರ್ಟೂನ್ ಚಿತ್ರಗಳತ್ತ ತಿರುಗಿದರು.

ಇಲ್ಲಿ ಸ್ವಲ್ಪ ಲೆಕ್ಕ ಹೇಳಬೇಕು. ಪರದೆಯ ಮೇಲೆ ಸೆಕೆಂಡಿಗೆ 24 ಚೌಕಟ್ಟುಗಳು ಓಡುತ್ತವೆ. ಹತ್ತು ನಿಮಿಷದ ಚಿತ್ರಕ್ಕೆ 14,400 ಚೌಕಟ್ಟುಗಳಾದವು. ಡಿಸ್ನಿಯವರ ಹಾಗೆ ನಯವಾದ ಚಲನೆ ಬೇಕೆಂದರೆ ಸಾವಿರಾರು ಚಿತ್ರಗಳನ್ನು ಕೈಯಲ್ಲೇ ಬರೆಯಬೇಕು. ಝಾಗ್ರೆಬ್‌ನ ಕಲಾವಿದರು ಚಿತ್ರಗಳ ಸಂಖ್ಯೆಯನ್ನು ಇಳಿಸಿದರು. ಆಕೃತಿಗಳನ್ನು ಸರಳ ರೇಖೆಗಳಿಗೆ ತಂದರು. ಕೊರತೆಯೇ ಶೈಲಿಯಾಯಿತು. ಮುದ್ದು ಮೊಲ, ಬಾತುಕೋಳಿಗಳ ಜಾಗದಲ್ಲಿ ಅವರು ಇಂದಿನ ಮನುಷ್ಯನನ್ನು ತಂದು ನಿಲ್ಲಿಸಿದರು. ಮಿಮಿತ್ಸರ 1958ರ ‘ಒಂಟಿ’ ಚಿತ್ರದಲ್ಲಿರುವುದು ಮಹಾನಗರದಲ್ಲಿ ಒಬ್ಬಂಟಿಯಾದವನ ಕಳವಳ. ವೆನಿಸ್‌ನಲ್ಲಿ ಅದಕ್ಕೆ ಪ್ರಶಸ್ತಿ ಬಂತು. ಮನಸ್ಸಿನೊಳಗಿನದನ್ನು ಪರದೆಯ ಮೇಲೆ ಕಾಣಿಸುವ ವಿದ್ಯೆಯನ್ನು ಮಿಮಿತ್ಸ ಕಲಿತದ್ದು ಇಲ್ಲೇ ಎಂದು ನನ್ನ ಎಣಿಕೆ.

ಆ ವಿದ್ಯೆಯನ್ನು ಹೊತ್ತುಕೊಂಡೇ ಅವರು ಕಥಾಚಿತ್ರಗಳಿಗೆ ಮರಳಿದರು. ಪಾರ್ಟಿಸಾನರ ಗೆಲುವನ್ನು ಕೊಂಡಾಡುವ ಯುದ್ಧಚಿತ್ರಗಳಿಗೆ ಆಗ ಯುಗೋಸ್ಲಾವಿಯದಲ್ಲಿ ಬರವಿರಲಿಲ್ಲ. ಗೆದ್ದವನ ಒಳಗೆ ಏನು ಉಳಿಯಿತು ಎಂದು ಮಿಮಿತ್ಸ ಕೇಳಿದರು. 1964ರ ‘ವಿಶೆವಿತ್ಸ ದ್ವೀಪದ ಪ್ರೊಮಿಥಿಯಸ್’ ಚಿತ್ರದಲ್ಲಿ, ಪಟ್ಟಣದಲ್ಲಿ ದೊಡ್ಡ ಹುದ್ದೆಗೇರಿದ ಹಳೆಯ ಹೋರಾಟಗಾರನೊಬ್ಬ ಸ್ಮಾರಕದ ಸಮಾರಂಭಕ್ಕೆಂದು ತನ್ನ ದ್ವೀಪಕ್ಕೆ ಬರುತ್ತಾನೆ. ಅಲ್ಲಿ ಅವನಿಗೆ ಎದುರಾಗುವುದು ತನ್ನದೇ ನೆನಪುಗಳು. ಯುದ್ಧ ಮುಗಿದ ಮೇಲೆ ಊರಿಗೆ ವಿದ್ಯುತ್ ತರಲು ಹೊರಟದ್ದು, ಊರವರೇ ತಿರುಗಿಬಿದ್ದದ್ದು ಎಲ್ಲ ಚೂರುಚೂರಾಗಿ ಕಣ್ಣ ಮುಂದೆ ಬರುತ್ತವೆ. 1966ರ ‘ಸೋಮವಾರ ಅಥವಾ ಮಂಗಳವಾರ’ ಒಬ್ಬ ಪತ್ರಕರ್ತನ ಒಂದು ದಿನದ ಕಥೆ. ನಿತ್ಯದ ಕೆಲಸದ ನಡುವೆ ಯುದ್ಧದಲ್ಲಿ ಸತ್ತ ತಂದೆಯ ನೆನಪು ನುಗ್ಗುತ್ತದೆ. ಕಪ್ಪುಬಿಳುಪಿನ ನಡುವೆ ಬಣ್ಣ ಬರುತ್ತದೆ. ಪುಲಾ ಉತ್ಸವದಲ್ಲಿ ಅದು ಶ್ರೇಷ್ಠ ಚಿತ್ರವೆನಿಸಿತು. ಮರುವರ್ಷದ ‘ಕಾಯಾ, ನಿನ್ನನ್ನು ಕೊಲ್ಲುತ್ತೇನೆ’ ಇನ್ನೂ ಕಠೋರ. ಇಟಲಿಯ ಫ್ಯಾಸಿಸ್ಟರು ಬಂದಾಗ, ಶಾಂತವಾಗಿದ್ದ ಕಡಲೂರೊಂದರಲ್ಲಿ ಜೊತೆಗೆ ಬೆಳೆದವರೇ ಕೊಲೆಗಾರರಾಗುತ್ತಾರೆ.

ಮುಂದೆ ಚೆಕಾವ್‌ನ ಕಥೆಯನ್ನು ಆಧರಿಸಿ ಒಂದು ಚಿತ್ರ. 1573ರ ರೈತರ ದಂಗೆಯನ್ನು ಕುರಿತು 1975ರಲ್ಲಿ ಇನ್ನೊಂದು. 1981ರಲ್ಲಿ ಸರ್ಬಿಯನ್ ಜನಪದ ವೀರಕಾವ್ಯದಿಂದ ‘ಬಾನೊವಿಚ್ ಸ್ತ್ರಾಹಿನ್ಯ’ ಮಾಡಿದರು. ನಾಯಕ ಇಟಲಿಯ ಫ್ರಾಂಕೊ ನೀರೊ. ಕ್ರೊಯೇಶಿಯದ ನಿರ್ದೇಶಕ, ಸರ್ಬಿಯದ ಕಾವ್ಯ. ಹತ್ತು ವರ್ಷ ಕಳೆಯುವುದರಲ್ಲಿ ಯುಗೋಸ್ಲಾವಿಯ ಒಡೆಯಿತು. ನೆರೆಹೊರೆಯವರು ಒಬ್ಬರನ್ನೊಬ್ಬರು ಕೊಂದರು. 1967ರ ಚಿತ್ರ ತೋರಿಸಿದ್ದ ಭೀಕರತೆ ಅದೇ ನೆಲದಲ್ಲಿ ಮತ್ತೆ ನಡೆಯಿತು. ಮಿಮಿತ್ಸ ಅದನ್ನೆಲ್ಲ ಕಾಣುವಷ್ಟು ಕಾಲ ಬದುಕಿದ್ದರು. 1981ರ ಬಳಿಕ ಅವರು ಇನ್ನೊಂದು ಕಥಾಚಿತ್ರ ಮಾಡಲಿಲ್ಲ. 2020ರಲ್ಲಿ, 96ನೆಯ ವಯಸ್ಸಿನಲ್ಲಿ ತೀರಿಕೊಂಡರು.

ವೈದ್ಯಕೀಯ, ಕಾರ್ಟೂನ್, ಯುದ್ಧಚಿತ್ರ, ಇತಿಹಾಸ. ಮೇಲುನೋಟಕ್ಕೆ ಒಂದಕ್ಕೊಂದು ಸಂಬಂಧವಿಲ್ಲದ ದಾರಿಗಳು. ಆದರೆ ಗಾಯ ಎಲ್ಲಿದೆ, ಎಷ್ಟು ಆಳವಿದೆ ಎಂದು ನೋಡುವ ಕಣ್ಣು ಎಲ್ಲದರಲ್ಲೂ ಒಂದೇ. ಓದಿದ್ದು ದಂಡವಾಯಿತೇ ಎಂದು ಇನ್ನು ಯಾರಾದರೂ ಕೇಳಿದರೆ, ನಾನು ಈ ಕಥೆಯನ್ನೇ ಹೇಳುತ್ತೇನೆ.